ದುಡಿಯುವ ಕೈ ಹೋದ ಮೇಲೆ: ಮೋಟಾರು ಅಪಘಾತ ಪರಿಹಾರದ ಚರಿತ್ರೆ



ನಮ್ಮ ಕೂಟದ ಹಿರಿಯರೊಬ್ಬರ ತಂಗಿಯ ಗಂಡ ಕಳೆದ ವರ್ಷ ಊರಿನಲ್ಲಿ ರಸ್ತೆ ಅಪಘಾತಕ್ಕೆ ಸಿಕ್ಕಿ ತೀರಿಕೊಂಡರು. ಸಾಂತ್ವನ ಹೇಳಲು ಹೋದಾಗ ಅವರು ನನ್ನನ್ನು ಪಕ್ಕಕ್ಕೆ ಕರೆದು, "ಪರಿಹಾರಕ್ಕೆ ಅರ್ಜಿ ಹಾಕಿ ಅಂತ ವಕೀಲರು ಹೇಳುತ್ತಿದ್ದಾರೆ. ಸಾವಿನ ದುಡ್ಡು ಬೇಡ ಅಂತ ತಂಗಿ ಅಳುತ್ತಾಳೆ. ಏನು ಹೇಳಲಿ?" ಎಂದು ಕೇಳಿದರು. ಆ ಹೊತ್ತಿಗೆ ನನಗೆ ಉತ್ತರ ತೋಚಲಿಲ್ಲ. ಆಮೇಲೆ ಈ ವಿಷಯದ ಚರಿತ್ರೆಯನ್ನು ಹುಡುಕಿಕೊಂಡು ಹೋದೆ. ಕಂಡದ್ದನ್ನು ನಿಮ್ಮೆಲ್ಲರೊಡನೆ ಹಂಚಿಕೊಳ್ಳುವುದು ಈ ಲೇಖನದ ಉದ್ದೇಶ. ಈ ಚರಿತ್ರೆಯ ಮೊದಲ ಅಧ್ಯಾಯ ನಾವು ಈಗ ವಾಸವಾಗಿರುವ ಇಂಗ್ಲೆಂಡಿನದು. ಮುಂದಿನ ಅಧ್ಯಾಯಗಳಲ್ಲಿ ಕನ್ನಡ ನಾಡಿನಿಂದ ಹೋದ ನ್ಯಾಯಮೂರ್ತಿಗಳ ಪಾಲು ದೊಡ್ಡದು.

ಹೆಂಡತಿಯ ಸಾವು ಮತ್ತು ನೂರು ಪೌಂಡು

1808ರಲ್ಲಿ ಲಂಡನ್ನಿನ ನ್ಯಾಯಾಲಯದ ಮುಂದೆ ಒಂದು ದಾವೆ ಬಂತು. ಪಾನಗೃಹವೊಂದನ್ನು ನಡೆಸುತ್ತಿದ್ದ ಗೃಹಸ್ಥನೊಬ್ಬ ಹೆಂಡತಿಯೊಡನೆ ಬಾಡಿಗೆಯ ಕುದುರೆ ಸಾರೋಟಿನ ಮೇಲೆ ಕುಳಿತು ಪ್ರಯಾಣ ಮಾಡುತ್ತಿದ್ದಾಗ ಗಾಡಿ ಮಗುಚಿತು. ಅವನಿಗೆ ಪೆಟ್ಟಾಯಿತು, ಹೆಂಡತಿ ಸುಮಾರು ಒಂದು ತಿಂಗಳು ನರಳಿ ಆಸ್ಪತ್ರೆಯಲ್ಲಿ ಸತ್ತಳು. ಆಕೆ ಗಂಡನ ವ್ಯಾಪಾರದ ಬಹುಭಾಗವನ್ನು ನಡೆಸುತ್ತಿದ್ದವಳು. ವಿಚಾರಣೆ ನಡೆಸಿದ ಲಾರ್ಡ್ ಎಲೆನ್‌ಬರೋ, ಮನುಷ್ಯನೊಬ್ಬನ ಸಾವನ್ನು ಸಿವಿಲ್ ನ್ಯಾಯಾಲಯದಲ್ಲಿ ನಷ್ಟವೆಂದು ಹೇಳಿಕೊಳ್ಳಲು ಬರುವುದಿಲ್ಲ ಎಂಬ ನಿಯಮವನ್ನು ಸಾರಿದರು. ಗಂಡನಿಗೆ ನೂರು ಪೌಂಡು ದೊರೆಯಿತು. ಆದರೆ ಅದು ಅವನ ಮೈಗಾಯಗಳಿಗೆ ಮತ್ತು ಹೆಂಡತಿ ಕಣ್ಣುಮುಚ್ಚುವ ಗಳಿಗೆಯವರೆಗೆ ಅವನು ಕಳೆದುಕೊಂಡ ಸಾಂಗತ್ಯಕ್ಕೆ ಮಾತ್ರ. ಆಕೆ ಸತ್ತ ಕ್ಷಣದಿಂದ ಮುಂದಿನದಕ್ಕೆ ಕಾನೂನಿನಲ್ಲಿ ಲೆಕ್ಕವೇ ಇರಲಿಲ್ಲ.

ಇದರ ವಿಪರ್ಯಾಸವನ್ನು ಅಂದಿನ ಜನರೇ ಗುರುತಿಸಿದ್ದರು. ಒಬ್ಬನ ಕಾಲು ಮುರಿದರೆ ಮಾಲೀಕನು ಹಣ ತೆರಬೇಕು. ಅದೇ ಪೆಟ್ಟಿಗೆ ಅವನು ಸತ್ತರೆ ಏನೂ ತೆರಬೇಕಾಗಿಲ್ಲ!

ರೆಡಿಂಗಿನಿಂದ ಲಂಡನ್ನಿಗೆ ರೈಲಿನಲ್ಲಿ ಓಡಾಡುವ ನಮ್ಮ ಸದಸ್ಯರು ಊರು ಬಿಟ್ಟ ಕೆಲವೇ ನಿಮಿಷಗಳಲ್ಲಿ ಎರಡೂ ಬದಿಗೆ ಎತ್ತರದ ಮಣ್ಣಿನ ದಿಬ್ಬಗಳಿರುವ ಕಂದಕವನ್ನು ಹಾದುಹೋಗುತ್ತಾರೆ. ಅದು ಸಾನಿಂಗ್ ಕಟಿಂಗ್. 1841ರ ಡಿಸೆಂಬರ್ 24ರ ಮುಂಜಾವಿನಲ್ಲಿ, ಮಳೆಗೆ ಕುಸಿದು ಹಳಿಯ ಮೇಲೆ ಬಿದ್ದಿದ್ದ ಮಣ್ಣಿಗೆ ಪ್ಯಾಡಿಂಗ್ಟನ್ನಿನಿಂದ ಹೊರಟ ರೈಲೊಂದು ಬಡಿಯಿತು. ತೆರೆದ ವ್ಯಾಗನ್ನುಗಳಲ್ಲಿ ಕುಳಿತಿದ್ದ ಮೂರನೆಯ ದರ್ಜೆಯ ಪ್ರಯಾಣಿಕರಲ್ಲಿ ಎಂಟು ಮಂದಿ ಅಲ್ಲಿಯೇ ಸತ್ತರು. ಅವರಲ್ಲಿ ಹೆಚ್ಚಿನವರು ಲಂಡನ್ನಿನಲ್ಲಿ ಹೊಸ ಪಾರ್ಲಿಮೆಂಟ್ ಭವನವನ್ನು ಕಟ್ಟುತ್ತಿದ್ದ ಕಲ್ಲುಕುಟಿಗರು. ಕ್ರಿಸ್‌ಮಸ್ ಹಬ್ಬಕ್ಕೆಂದು ಹೆಂಡತಿ ಮಕ್ಕಳ ಬಳಿಗೆ ಹೊರಟವರು.

ಆ ಹೆಂಡತಿ ಮಕ್ಕಳಿಗೆ ದಾವೆ ಹೂಡುವ ಹಕ್ಕಿರಲಿಲ್ಲ. ಇದ್ದದ್ದು 'ಡಿಯೋಡ್ಯಾಂಡ್' ಎಂಬ ಮಧ್ಯಯುಗದ ಪದ್ಧತಿ. ಸಾವಿಗೆ ಕಾರಣವಾದ ವಸ್ತುವನ್ನು, ಅದು ಎತ್ತಾಗಲಿ ಗಾಡಿಯಾಗಲಿ, ದೇವರಿಗೆ ಸಲ್ಲಬೇಕಾದ ವಸ್ತುವೆಂದು ಎಣಿಸಿ ಅದನ್ನೋ ಅದರ ಬೆಲೆಯನ್ನೋ ಅರಸನು ಅಥವಾ ಅರಸನಿಂದ ಆ ಹಕ್ಕು ಪಡೆದ ಜಮೀನ್ದಾರನು ವಶಪಡಿಸಿಕೊಳ್ಳುತ್ತಿದ್ದನು. ಸಾನಿಂಗ್ ಅಪಘಾತದಲ್ಲಿ ಪಂಚರು ಇಂಜಿನ್ನು ಮತ್ತು ವ್ಯಾಗನ್ನುಗಳ ಮೇಲೆ ಸಾವಿರ ಪೌಂಡಿನ ಡಿಯೋಡ್ಯಾಂಡ್ ವಿಧಿಸಿದರು. ಆದರೆ ಕಾನೂನಿನ ಪ್ರಕಾರ ಆ ಹಣದ ಮೇಲೆ ಸತ್ತವರ ಮನೆಯವರಿಗೆ ಹಕ್ಕಿರಲಿಲ್ಲ.

ರೈಲು ಅಪಘಾತಗಳು ಹೆಚ್ಚಿದಂತೆ ಈ ಅನ್ಯಾಯ ಎದ್ದು ಕಾಣತೊಡಗಿತು. 1846ರಲ್ಲಿ ಲಾರ್ಡ್ ಕ್ಯಾಂಬೆಲ್ಲರ ಪ್ರಯತ್ನದಿಂದ ಮಾರಕ ಅಪಘಾತಗಳ ಕಾಯಿದೆ ಬಂತು. ಅದೇ ವರ್ಷ ಡಿಯೋಡ್ಯಾಂಡ್ ರದ್ದಾಯಿತು. ಪರರ ತಪ್ಪಿನಿಂದ ಒಬ್ಬನು ಸತ್ತರೆ ಅವನ ಹೆಂಡತಿ, ಗಂಡ, ತಂದೆತಾಯಿ ಮತ್ತು ಮಕ್ಕಳಿಗಾಗಿ ಪರಿಹಾರ ಕೇಳಬಹುದೆಂದು ಕಾನೂನು ಮೊದಲ ಸಲ ಒಪ್ಪಿಕೊಂಡಿತು. ಒಂಬತ್ತೇ ವರ್ಷಗಳಲ್ಲಿ, 1855ರಲ್ಲಿ, ಈಸ್ಟ್ ಇಂಡಿಯಾ ಕಂಪನಿಯ ಆಡಳಿತದಲ್ಲಿದ್ದ ಭಾರತಕ್ಕೂ ಅದೇ ಅಚ್ಚಿನ ಕಾಯಿದೆ ಬಂತು. ಹೆಂಡತಿ, ಗಂಡ, ತಂದೆತಾಯಿ, ಮಕ್ಕಳು ಎಂಬ ಪಟ್ಟಿಯೂ ಹಾಗೆಯೇ ಬಂತು. ಅಣ್ಣತಮ್ಮಂದಿರು ಕೂಡಿ ಬಾಳುವ ನಮ್ಮ ಮನೆಗಳಿಗೆ ಆ ಇಂಗ್ಲಿಷ್ ಪಟ್ಟಿ ಚಿಕ್ಕದೆಂಬುದು ಆಗ ಯಾರಿಗೂ ಹೊಳೆಯಲಿಲ್ಲ.

ವಿಮೆ ಮತ್ತು ನ್ಯಾಯಮಂಡಳಿ

ಮೋಟಾರು ಬಂದ ಮೇಲೆ ಹೊಸ ತೊಡಕೊಂದು ಹುಟ್ಟಿತು. ರೈಲಿನ ಹಿಂದೆ ದೊಡ್ಡ ಕಂಪನಿಯಿರುತ್ತದೆ. ಲಾರಿಯ ಹಿಂದೆ ಸಾಲ ಮಾಡಿ ಅದನ್ನು ಕೊಂಡ ಒಬ್ಬ ಬಡ ಮಾಲೀಕನಿರಬಹುದು. ದಾವೆ ಗೆದ್ದರೂ ಹಣ ಕೊಡುವವರು ಯಾರು? ಇದಕ್ಕೆ ಬ್ರಿಟನ್ 1930ರ ಕಾಯಿದೆಯಲ್ಲಿ ಕಂಡುಕೊಂಡ ಉತ್ತರ ಕಡ್ಡಾಯ ವಿಮೆ. ರಸ್ತೆಯಲ್ಲಿ ಹೋಗುವ ಪರರಿಗೆ ಆಗಬಹುದಾದ ಹಾನಿಗೆ ವಿಮೆ ಮಾಡಿಸದೆ ಯಾರೂ ವಾಹನವನ್ನು ರಸ್ತೆಗೆ ಇಳಿಸುವಂತಿಲ್ಲ. ಭಾರತದ 1939ರ ಮೋಟಾರು ವಾಹನ ಕಾಯಿದೆ ಇದನ್ನು ತನ್ನ ಎಂಟನೆಯ ಅಧ್ಯಾಯದಲ್ಲಿ ಸೇರಿಸಿಕೊಂಡಿತು. ಯುದ್ಧ ಮುಗಿದ ಮೇಲೆ 1946ರ ಜುಲೈ 1ರಿಂದ ಅದು ಜಾರಿಗೆ ಬಂತು.

ಆದರೂ ಕುಟುಂಬದವರು ಸಿವಿಲ್ ನ್ಯಾಯಾಲಯಕ್ಕೇ ಹೋಗಬೇಕಿತ್ತು. ಕೇಳಿದ ಮೊತ್ತಕ್ಕೆ ತಕ್ಕಂತೆ ಕೋರ್ಟು ಶುಲ್ಕ ಕಟ್ಟಬೇಕಿತ್ತು. ದುಡಿಯುವವನನ್ನೇ ಕಳೆದುಕೊಂಡ ಮನೆ ಶುಲ್ಕವನ್ನು ಎಲ್ಲಿಂದ ತರಬೇಕು? 1956ರ ತಿದ್ದುಪಡಿಯು ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಗಳಿಗೆ ಅವಕಾಶ ಕಲ್ಪಿಸಿತು. ದಾವೆಯ ಬದಲು ಅರ್ಜಿ, ಸರಳವಾದ ವಿಚಾರಣೆ. ಆದರೆ ಅರ್ಜಿಗೆ ಮೊದಲು ಅರವತ್ತು ದಿನಗಳ, ಆಮೇಲೆ ಆರು ತಿಂಗಳ ಗಡುವು. ತಡವಾದರೆ ತಕ್ಕ ಕಾರಣ ತೋರಿಸಿ ಮಂಡಳಿಯನ್ನು ಒಪ್ಪಿಸಬೇಕು. ಚಾಲಕನ ನಿರ್ಲಕ್ಷ್ಯವನ್ನು ಸತ್ತವನ ಕಡೆಯವರೇ ರುಜುವಾತುಪಡಿಸಬೇಕು. 1977ರಲ್ಲಿ ಸುಪ್ರೀಂ ಕೋರ್ಟು ಈ ಮಾತನ್ನು ಮತ್ತೆ ಗಟ್ಟಿಯಾಗಿ ಹೇಳಿತು.

ಈ ಎರಡು ನಿಯಮಗಳ ಅರ್ಥವನ್ನು ನಾನು ಪುಸ್ತಕ ನೋಡುವ ಮೊದಲೇ ನಮ್ಮ ಮನೆಯಲ್ಲಿ ಕಂಡಿದ್ದೆ. 1978ರಲ್ಲಿ ನನ್ನ ಸೋದರಮಾವ ಶಿರಾದ ಹತ್ತಿರ ಹೆದ್ದಾರಿಯಲ್ಲಿ ಸೈಕಲ್ಲಿನಲ್ಲಿ ಬರುತ್ತಿದ್ದಾಗ ಲಾರಿಯೊಂದು ಹಿಂದಿನಿಂದ ಬಡಿಯಿತು. ಅವರಿಗೆ 34 ವರ್ಷ. ಸಣ್ಣ ಕಿರಾಣಿ ಅಂಗಡಿ, ತಿಂಗಳಿಗೆ ಸುಮಾರು ನಾನೂರು ರೂಪಾಯಿ ಸಂಪಾದನೆ. ಹೆಂಡತಿ, ಇಬ್ಬರು ಮಕ್ಕಳು, ನನ್ನ ಅಜ್ಜಿ. ಒಂಬತ್ತನೆಯ ದಿನ ಲಾರಿ ಮಾಲೀಕನ ಕಡೆಯವರು ಊರ ಹಿರಿಯರೊಡನೆ ಬಂದು ಎರಡು ಸಾವಿರ ರೂಪಾಯಿ ಇಟ್ಟು ಒಂದು ಕಾಗದಕ್ಕೆ ಅತ್ತೆಯ ಸಹಿ ಹಾಕಿಸಿಕೊಂಡರು. ವರ್ಷದ ತಿಥಿ ಮುಗಿಯುವವರೆಗೆ ಕೋರ್ಟಿನ ಮಾತು ಬೇಡವೆಂದು ಅಜ್ಜಿ ಹೇಳಿದ್ದರಿಂದ ಯಾರೂ ಏನೂ ಮಾಡಲಿಲ್ಲ. ಆಮೇಲೆ ಅತ್ತೆಯ ತಮ್ಮ ತುಮಕೂರಿಗೆ ಹೋಗಿ ವಕೀಲರನ್ನು ಕಂಡರು. ಗಡುವು ದಾಟಿತ್ತು, ಕಣ್ಣಾರೆ ಕಂಡವರಿರಲಿಲ್ಲ, ಸಹಿಯಾದ ಕಾಗದವಿತ್ತು. ಅವರು ಬಸ್ಸು ಹತ್ತಿ ಹಿಂದಿರುಗಿದರು. ಆ ಎರಡು ಸಾವಿರ ಬಹುಕಾಲ ಟ್ರಂಕಿನಲ್ಲಿಯೇ ಇತ್ತು. "ಅವರ ಬೆಲೆ ಇಷ್ಟೇನಾ?" ಎಂದು ಅತ್ತೆ ಒಮ್ಮೆ ಕೇಳಿದ್ದು ನನಗೆ ನೆನಪಿದೆ. ಕಡೆಗೆ ಅದರಲ್ಲಿಯೇ ಹೊಲಿಗೆ ಯಂತ್ರ ಬಂತು; ಅದರಿಂದಲೇ ಇಬ್ಬರು ಮಕ್ಕಳೂ ಓದಿದರು.

ತಪ್ಪು ಯಾರದೆಂದು ಕೇಳದ ಪರಿಹಾರ

ನಮ್ಮ ಮನೆಯಂತಹ ಮನೆಗಳು ದೇಶದ ತುಂಬ ಇದ್ದವು. 1979ರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂದ ಒಂದು ಪ್ರಕರಣದಲ್ಲಿ, ಸರ್ಕಾರಿ ಬಸ್ಸಿನಡಿ ಸಿಕ್ಕಿ ಸತ್ತವನ ಹೆಂಡತಿ ಮತ್ತು ಮಗಳಿಗೆ ಕೋರ್ಟು ಶುಲ್ಕದ ವಿನಾಯಿತಿ ಕೊಡಬಾರದೆಂದು ಹರಿಯಾಣ ಸರ್ಕಾರವೇ ದೆಹಲಿಯವರೆಗೆ ಬಂದು ವಾದಿಸಿತು. ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಆ ವಾದವನ್ನು ಕಟುವಾದ ಮಾತುಗಳಲ್ಲಿ ತಳ್ಳಿಹಾಕಿದರು. ಮರುವರ್ಷದ ಇನ್ನೊಂದು ತೀರ್ಪಿನಲ್ಲಿ, ಸಣ್ಣಪುಟ್ಟ ಅನುಮಾನಗಳನ್ನು ಹಿಡಿದು ನೊಂದವರನ್ನು ಬರಿಗೈಯಲ್ಲಿ ಕಳುಹಿಸಬಾರದೆಂದು ನ್ಯಾಯಮಂಡಳಿಗಳಿಗೆ ಬುದ್ಧಿ ಹೇಳಿದರು.

1982ರಲ್ಲಿ ಸಂಸತ್ತು ಕಾಯಿದೆಯನ್ನು ತಿದ್ದಿತು. ತಪ್ಪು ಯಾರದೆಂಬ ಪ್ರಶ್ನೆಯನ್ನೇ ಎತ್ತದೆ, ಸಾವಿಗೆ 15,000 ರೂಪಾಯಿಗಳನ್ನು ಕೂಡಲೇ ಕೊಡತಕ್ಕದ್ದು. ಗುದ್ದಿ ಓಡಿಹೋದ ವಾಹನ ಪತ್ತೆಯಾಗದಿದ್ದರೆ 5,000. ಮೊತ್ತ ಸಣ್ಣದಾದರೂ ತತ್ತ್ವ ದೊಡ್ಡದು: ರಸ್ತೆಯ ಸಾವಿನ ಭಾರವನ್ನು ಇಡೀ ಸಮಾಜ ಹಂಚಿಕೊಳ್ಳಬೇಕು ಎಂಬ ವಿಚಾರ ಕಾನೂನಿಗೆ ಬಂದದ್ದು ಆಗ. 1988ರ ಹೊಸ ಕಾಯಿದೆ ಮತ್ತು 1994ರ ತಿದ್ದುಪಡಿ ಇದನ್ನು ಬೆಳೆಸಿದವು. 1994ರಲ್ಲಿ ಅರ್ಜಿಯ ಗಡುವನ್ನೇ ತೆಗೆದುಹಾಕಲಾಯಿತು. ಅಪಘಾತ ನಡೆದ ಊರಿನಲ್ಲಿ ಮಾತ್ರವಲ್ಲದೆ ಕುಟುಂಬ ವಾಸಿಸುವ ಊರಿನ ಮಂಡಳಿಯಲ್ಲಿಯೂ ಅರ್ಜಿ ಹಾಕಬಹುದಾಯಿತು.

ಕನ್ನಡ ನಾಡಿನಿಂದ ಹೋದ ಮೂವರು

ಇನ್ನು ಮೂರು ಪ್ರಶ್ನೆಗಳು ಉಳಿದಿದ್ದವು: ನಷ್ಟ ಯಾರಿಗೆ? ಅದನ್ನು ಎಣಿಸುವುದು ಹೇಗೆ? ಎಲ್ಲರಿಗೂ ಒಂದೇ ಅಳತೆಯೇ? ಈ ಮೂರಕ್ಕೂ ಮುಖ್ಯವಾದ ಉತ್ತರ ಬರೆದವರು ಕರ್ನಾಟಕದಿಂದ ಸುಪ್ರೀಂ ಕೋರ್ಟಿಗೆ ಹೋದ ನ್ಯಾಯಮೂರ್ತಿಗಳೆಂಬುದು ನಮಗೆ ಹೆಮ್ಮೆಯ ಸಂಗತಿ.

ಮೊದಲನೆಯವರು ಇ. ಎಸ್. ವೆಂಕಟರಾಮಯ್ಯನವರು. 1987ರಲ್ಲಿ ಅವರ ಮುಂದೆ ಬಂದದ್ದು ಗುಜರಾತಿನ 14 ವರ್ಷದ ಹುಡುಗನ ಸಾವು. ಪರಿಹಾರ ಕೇಳಿದವರು ಅವನ ಅಣ್ಣತಮ್ಮಂದಿರು. 1855ರ ಪಟ್ಟಿಯಲ್ಲಿ ಒಡಹುಟ್ಟಿದವರಿಗೆ ಜಾಗವಿಲ್ಲ ಎಂದು ಬಸ್ಸಿನ ನಿಗಮ ವಾದಿಸಿತು. ಭಾರತದ ಮನೆಗಳಲ್ಲಿ ಅಣ್ಣತಮ್ಮಂದಿರು, ಅಕ್ಕತಂಗಿಯರು, ಅವರ ಮಕ್ಕಳು, ಕೆಲವೊಮ್ಮೆ ಸಾಕಿಕೊಂಡ ಮಕ್ಕಳೂ ಒಂದೇ ಸೂರಿನಡಿ ಬಾಳುತ್ತಾರೆ, ದುಡಿಯುವವನನ್ನು ನಂಬಿಕೊಂಡಿರುತ್ತಾರೆ ಎಂಬುದನ್ನು ವೆಂಕಟರಾಮಯ್ಯನವರು ತೀರ್ಪಿನಲ್ಲಿ ಎತ್ತಿ ಹೇಳಿದರು. ನೂರಮೂವತ್ತು ವರ್ಷಗಳ ಹಿಂದಿನ ಪಟ್ಟಿಯನ್ನು ಹಿಡಿದು ಅವರನ್ನು ಹೊರಗಿಡುವುದು ಸಲ್ಲದೆಂದರು. ಲಂಡನ್ನಿನ ಅಚ್ಚಿನಲ್ಲಿ ಬಂದಿದ್ದ ಕಾನೂನು ನಮ್ಮ ಕೂಡುಕುಟುಂಬವನ್ನು ಕಂಡದ್ದು ಅಂದು.

ಎರಡನೆಯವರು ಎಂ. ಎನ್. ವೆಂಕಟಾಚಲಯ್ಯನವರು. ಅಲ್ಲಿಯವರೆಗೆ ಒಂದೊಂದು ಮಂಡಳಿಯದು ಒಂದೊಂದು ಲೆಕ್ಕ. ಕೇರಳದ ಸಾರಿಗೆ ನಿಗಮದ ಬಸ್ಸಿಗೆ ಸಂಬಂಧಿಸಿದ, 38 ವರ್ಷದವರೊಬ್ಬರ ಸಾವಿನ ಪ್ರಕರಣದಲ್ಲಿ ಅವರು 'ಗುಣಕ' ಪದ್ಧತಿಯೇ ಸರಿಯಾದ ದಾರಿಯೆಂದು ನಿರ್ಣಯಿಸಿದರು. ಸತ್ತವನು ಮನೆಗೆ ಕೊಡುತ್ತಿದ್ದ ವಾರ್ಷಿಕ ಮೊತ್ತವನ್ನು ಅವನ ವಯಸ್ಸಿಗೆ ತಕ್ಕ ಒಂದು ಸಂಖ್ಯೆಯಿಂದ ಗುಣಿಸುವುದು ಈ ಪದ್ಧತಿ. ವೇಲ್ಸಿನ ಕಲ್ಲಿದ್ದಲು ಗಣಿಯ ಸಾವುಗಳನ್ನು ಕುರಿತು 1942ರಲ್ಲಿ ಹೌಸ್ ಆಫ್ ಲಾರ್ಡ್ಸ್ ಕೊಟ್ಟ ತೀರ್ಪು ಇದಕ್ಕೆ ಆಧಾರ. ಅದೇ ತೀರ್ಪಿನಲ್ಲಿ ಅವರು ಇನ್ನೊಂದು ಎಚ್ಚರಿಕೆಯನ್ನೂ ಸೇರಿಸಿದರು: ಬಂದ ಹಣ ಮಧ್ಯವರ್ತಿಗಳ ಪಾಲಾಗದಂತೆ ಅಪ್ರಾಪ್ತ ಮಕ್ಕಳ ಮತ್ತು ಓದುಬರಹವಿಲ್ಲದವರ ಪಾಲನ್ನು ಬ್ಯಾಂಕಿನಲ್ಲಿ ಠೇವಣಿ ಇಡಿಸಬೇಕು. ಹಣ ಕೊಡಿಸಿದರೆ ಸಾಲದು, ಅದು ಉಳಿಯಲೂ ಬೇಕು ಎಂಬ ಲೋಕಾನುಭವ ಇದರಲ್ಲಿದೆ.

ಮೂರನೆಯವರು ಕರ್ನಾಟಕ ಹೈಕೋರ್ಟಿನಲ್ಲಿ ನ್ಯಾಯಮೂರ್ತಿಗಳಾಗಿದ್ದ ಆರ್. ವಿ. ರವೀಂದ್ರನ್. ಗುಣಕ ಯಾವುದೆಂಬ ಬಗ್ಗೆ ಮತ್ತೆ ಗೊಂದಲವಿದ್ದಾಗ 2009ರ ಏಪ್ರಿಲ್ 15ರ ತೀರ್ಪಿನಲ್ಲಿ ಅವರು ಒಂದು ಸ್ಪಷ್ಟ ಕೋಷ್ಟಕವನ್ನು ಕೊಟ್ಟರು. 25 ವರ್ಷದವರೆಗೆ 18. 26ರಿಂದ 30ಕ್ಕೆ 17. 31ರಿಂದ 35ಕ್ಕೆ 16. ಹೀಗೆ ಇಳಿಯುತ್ತ 61ರಿಂದ 65ಕ್ಕೆ 7, ಅದಕ್ಕೂ ಮೇಲ್ಪಟ್ಟವರಿಗೆ 5. ಸತ್ತವನ ಸ್ವಂತ ಖರ್ಚಿಗೆಂದು ಕಳೆಯುವುದೂ ನಿಗದಿಯಾಯಿತು: ಅವಲಂಬಿತರು ಇಬ್ಬರು ಮೂವರಿದ್ದರೆ ಮೂರನೆಯ ಒಂದು ಭಾಗ, ನಾಲ್ಕರಿಂದ ಆರು ಮಂದಿಯಿದ್ದರೆ ಕಾಲು ಭಾಗ, ಅದಕ್ಕಿಂತ ಹೆಚ್ಚಿದ್ದರೆ ಐದನೆಯ ಒಂದು ಭಾಗ. ಪೊಲೀಸರು ಅಪಘಾತದ ವರದಿಯನ್ನು ತಾವಾಗಿಯೇ ನ್ಯಾಯಮಂಡಳಿಗೆ ಕಳುಹಿಸಬೇಕೆಂಬ ನಿಯಮ ಕಾಗದದಲ್ಲಿಯೇ ಉಳಿದಿದ್ದುದನ್ನು ಕಂಡು, ಅದನ್ನು ಪಾಲಿಸುವಂತೆ ಆದೇಶಿಸಿದವರೂ ಅವರೇ.

2017ರ ಅಕ್ಟೋಬರ್ 31ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠ ಈ ಕೋಷ್ಟಕವನ್ನು ಎತ್ತಿಹಿಡಿಯಿತು. ಬದುಕಿದ್ದರೆ ಸಂಪಾದನೆ ಹೆಚ್ಚುತ್ತಿತ್ತಲ್ಲವೇ ಎಂಬ ನ್ಯಾಯದಿಂದ, ಸ್ವಂತ ಉದ್ಯೋಗದವರಿಗೂ 40 ವರ್ಷದೊಳಗಿದ್ದರೆ ಆದಾಯಕ್ಕೆ ಶೇ 40 ಸೇರಿಸಲು ಹೇಳಿತು. ಅಂತ್ಯಕ್ರಿಯೆಗೆ 15,000, ಆಸ್ತಿನಷ್ಟಕ್ಕೆ 15,000, ಬಾಳಸಂಗಾತಿಯ ಅಗಲಿಕೆಗೆ 40,000 ಎಂದು ಗೊತ್ತುಮಾಡಿ, ಮೂರು ವರ್ಷಕ್ಕೊಮ್ಮೆ ಶೇ 10 ಏರಿಸಬೇಕೆಂದಿತು. ಮರುವರ್ಷ ಮಕ್ಕಳಿಗೆ ತಂದೆತಾಯಿಯ, ತಂದೆತಾಯಿಗೆ ಮಕ್ಕಳ ಅಗಲಿಕೆಯೂ ಈ ಲೆಕ್ಕಕ್ಕೆ ಸೇರಿತು.

ಈ ಅಳತೆಯನ್ನು ಒಮ್ಮೆ ನನ್ನ ಸೋದರಮಾವನಿಗೆ ಹಿಡಿದು ನೋಡಿದೆ. ನಾನೂರಕ್ಕೆ ಶೇ 40 ಸೇರಿದರೆ 560. ನಾಲ್ವರು ಅವಲಂಬಿತರಾದ್ದರಿಂದ ಕಾಲು ಭಾಗ ಕಳೆದರೆ 420. ವರ್ಷಕ್ಕೆ 5,040. ವಯಸ್ಸು 34, ಗುಣಕ 16. ಒಟ್ಟು 80,640 ರೂಪಾಯಿ. ಉಳಿದ ಬಾಬ್ತುಗಳನ್ನು ಇಲ್ಲಿ ಸೇರಿಸಿಲ್ಲ. 1978ರಲ್ಲಿ ಅತ್ತೆಯ ಕೈಗೆ ಬಂದದ್ದು ಎರಡು ಸಾವಿರ.

ಸಂಬಳವಿಲ್ಲದ ದುಡಿಮೆ

ಸತ್ತವರು ಗೃಹಿಣಿಯಾಗಿದ್ದರೆ? 1994ರ ಅನುಸೂಚಿಯಲ್ಲಿ ಆದಾಯವಿಲ್ಲದವರಿಗೆ ವರ್ಷಕ್ಕೆ 15,000 ರೂಪಾಯಿಯ ಕಾಲ್ಪನಿಕ ಆದಾಯವಿತ್ತು, ಎಂದರೆ ತಿಂಗಳಿಗೆ 1,250. ಗೃಹಿಣಿಗೆ ಗಂಡನ ಆದಾಯದ ಮೂರನೆಯ ಒಂದು ಭಾಗವೆಂಬ ಲೆಕ್ಕವೂ ಇತ್ತು. 2001ರಲ್ಲಿ ಜಮ್‌ಷೆಡ್‌ಪುರದ ಅಗ್ನಿದುರಂತದ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಗೃಹಿಣಿಯ ಸೇವೆಯನ್ನು ತಿಂಗಳಿಗೆ 3,000 ರೂಪಾಯಿ ಎಂದು ಎಣಿಸಿತು. 2010ರಲ್ಲಿ, ಜನಗಣತಿಯು ಗೃಹಿಣಿಯರನ್ನು ಭಿಕ್ಷುಕರು ಮತ್ತು ಕೈದಿಗಳ ಸಾಲಿನಲ್ಲಿ ಉತ್ಪಾದನೆ ಮಾಡದವರೆಂದು ವರ್ಗೀಕರಿಸಿದ್ದನ್ನು ಖಂಡಿಸಿತು. 2021ರ ಜನವರಿಯಲ್ಲಿ, ತಂದೆತಾಯಿ ಇಬ್ಬರನ್ನೂ ಕಳೆದುಕೊಂಡ ಎಳೆಯ ಹೆಣ್ಣುಮಕ್ಕಳ ಪ್ರಕರಣದಲ್ಲಿ ನ್ಯಾಯಮೂರ್ತಿ ಎನ್. ವಿ. ರಮಣ ಅವರು 2019ರ ಸಮಯ ಬಳಕೆ ಸಮೀಕ್ಷೆಯನ್ನು ಉಲ್ಲೇಖಿಸಿದರು. ಅದರಂತೆ ಮನೆಗೆಲಸದಲ್ಲಿ ತೊಡಗಿದ ಹೆಂಗಸರು ದಿನಕ್ಕೆ 299 ನಿಮಿಷ ದುಡಿದರೆ ಗಂಡಸರ ಪಾಲು 97 ನಿಮಿಷ.

1808ರ ಆ ಪಾನಗೃಹದ ಗೃಹಿಣಿಯನ್ನು ಇಲ್ಲಿ ನೆನೆಯಬೇಕು. ಸತ್ತ ಕ್ಷಣದಲ್ಲಿ ಅವಳ ಲೆಕ್ಕ ಮುಗಿದಿತ್ತು. ಅವಳಂಥವರ ದುಡಿಮೆಗೆ ನ್ಯಾಯಾಲಯದಲ್ಲಿ ಗೌರವದ ಮಾತು ದೊರೆಯಲು ಇನ್ನೂರು ವರ್ಷಗಳೇ ಬೇಕಾದವು.

ಹೊರನಾಡಿನಲ್ಲಿರುವ ನಾವು

ರಜೆಗೆ ಊರಿಗೆ ಹೋದವರು ಅಲ್ಲಿಯ ರಸ್ತೆಯಲ್ಲಿ ಅಪಘಾತಕ್ಕೆ ಈಡಾದರೆ? ಅಮೆರಿಕದಲ್ಲಿ ನೆಲೆಸಿದ್ದ ಭಾರತೀಯ ಮೂಲದ ವೈದ್ಯರೊಬ್ಬರು ಭಾರತದಲ್ಲಿ ಅಪಘಾತದಲ್ಲಿ ಸತ್ತ ಪ್ರಕರಣ 2002ರಲ್ಲಿ ಸುಪ್ರೀಂ ಕೋರ್ಟಿನ ಮುಂದೆ ಬಂತು. ಡಾಲರಿನ ಆದಾಯವನ್ನು ಲೆಕ್ಕಕ್ಕೆ ತೆಗೆದುಕೊಂಡರೂ ಎರಡು ದೇಶಗಳ ಆರ್ಥಿಕ ಸ್ಥಿತಿಯ ಅಂತರವನ್ನು ಗಮನಿಸಿ ನ್ಯಾಯಾಲಯವು 10ರ ಗುಣಕವನ್ನು ಬಳಸಿತು. ವಿದೇಶಿ ಹಣವನ್ನು ರೂಪಾಯಿಗೆ ಪರಿವರ್ತಿಸಲು ಅರ್ಜಿ ಸಲ್ಲಿಸಿದ ದಿನದ ವಿನಿಮಯ ದರವೇ ಆಧಾರವೆಂದು 2013ರ ಇನ್ನೊಂದು ತೀರ್ಪು ಹೇಳಿತು.

ಇನ್ನೊಂದು ಮುಖ್ಯ ವಿಷಯ. 1994ರಲ್ಲಿ ತೆಗೆದುಹಾಕಿದ್ದ ಆರು ತಿಂಗಳ ಗಡುವು 2019ರ ತಿದ್ದುಪಡಿಯ ಮೂಲಕ 2022ರ ಏಪ್ರಿಲ್ 1ರಿಂದ ಮರಳಿ ಬಂದಿದೆ. ಗುದ್ದಿ ಓಡಿಹೋದ ಪ್ರಕರಣಗಳ ಪರಿಹಾರ ಎರಡು ಲಕ್ಷಕ್ಕೆ ಏರಿದ್ದೂ ಅಂದಿನಿಂದಲೇ. ಗಡುವಿನ ಸಿಂಧುತ್ವವನ್ನು ಪ್ರಶ್ನಿಸಿದ ಅರ್ಜಿಗಳು ಸುಪ್ರೀಂ ಕೋರ್ಟಿಗೆ ಹೋಗಿವೆ. ಆದರೂ ಆರು ತಿಂಗಳೆಂದೇ ಎಣಿಸಿಕೊಂಡು ನಡೆಯುವುದು ಲೇಸು. ಎಫ್‌ಐಆರ್, ಸ್ಥಳದ ಮಹಜರು, ಮರಣೋತ್ತರ ಪರೀಕ್ಷೆಯ ವರದಿ, ಆದಾಯದ ಮತ್ತು ವಯಸ್ಸಿನ ದಾಖಲೆಗಳ ಪ್ರತಿಗಳನ್ನು ಯಾರಾದರೊಬ್ಬರು ಮೊದಲ ವಾರಗಳಲ್ಲಿಯೇ ಕೂಡಿಡಲಿ. ಮನೆಗೆ ಬಂದು ಕಾಗದ ಮುಂದಿಡುವವರಿಗೆ ವಕೀಲರನ್ನು ಕೇಳದೆ ಸಹಿ ಹಾಕಬೇಡಿ. ದುಃಖದಲ್ಲಿರುವ ಹೆಣ್ಣುಮಗಳಿಗೆ ಇದೆಲ್ಲ ಆಗುವುದಿಲ್ಲ. ದೂರದಲ್ಲಿದ್ದರೂ ಫೋನಿನಲ್ಲಿ ಹಿಂದೆ ನಿಲ್ಲಬೇಕಾದವರು ನಾವು.

ಆ ಹಿರಿಯರು ಕೇಳಿದ ಪ್ರಶ್ನೆಗೆ ಈಗ ನಾನು ಉತ್ತರ ಹೇಳಬಲ್ಲೆ. ಮೇಲಿನ ಲೆಕ್ಕವನ್ನು ಇನ್ನೊಮ್ಮೆ ನೋಡಿ. ಅದರಲ್ಲಿ ಜೀವದ ಬೆಲೆ ಎಂಬ ಬಾಬ್ತು ಎಲ್ಲಿಯೂ ಇಲ್ಲ. ಇರುವುದೆಲ್ಲ ಬದುಕಿದ್ದರೆ ಆ ಮನುಷ್ಯ ತಿಂಗಳು ತಿಂಗಳು ಮನೆಗೆ ತಂದುಹಾಕುತ್ತಿದ್ದ ಅಕ್ಕಿ ಬೇಳೆ, ಮಕ್ಕಳ ಶಾಲೆಯ ಫೀಸು, ತಾಯಿಯ ಔಷಧಿ. ಅದು ಹೆಂಡತಿ ಮಕ್ಕಳಿಗೆ ಅವನು ಕೊಡಲಿದ್ದದ್ದು. ಅದನ್ನು ಕೇಳುವುದರಲ್ಲಿ ಸಂಕೋಚಪಡಬೇಕಾದದ್ದು ಏನೂ ಇಲ್ಲ. ಕಳೆದ ವಾರ ಅವರಿಗೆ ಫೋನು ಮಾಡಿ ಇಷ್ಟನ್ನೇ ಹೇಳಿದೆ, ಅತ್ತೆಯ ಹೊಲಿಗೆ ಯಂತ್ರದ ಕಥೆಯನ್ನೂ ಹೇಳಿದೆ. ಆರು ತಿಂಗಳಾಗಲು ಇನ್ನೂ ಮೂರು ವಾರವಿದೆ, ನಾಳೆಯೇ ತಂಗಿಯೊಡನೆ ಮಾತನಾಡುತ್ತೇನೆ ಎಂದರು.